ಬರೆದರೆ ಕರೆದಂತೆಯೇ?

ಅಕ್ಕು ಟೀಚರ್ ಆದದ್ದು ಐವತ್ತು ದಾಟಿದ ಮೇಲೆ, ಅದೂ ಬರಬೇಕಾಗಿದ್ದ ಇನ್ನೊಬ್ಬರು ಬಾರದೆ ಹೋದದ್ದರಿಂದ. ಅಲ್ಲಿಯವರೆಗೆ ಯಾರಾದರೂ ಕೇಳಿದ್ದರೆ, ಠಾಣೆ ನಗರದ ಕೋಪರಿಯಲ್ಲಿ ಮನೆ ನೋಡಿಕೊಂಡು ಇದ್ದೇನೆ ಎಂದಷ್ಟೇ ಹೇಳುತ್ತಿದ್ದಳು. ಗಂಡ ವಸಂತಕುಮಾರ ಸ್ಟೇಷನ್ ಪಕ್ಕದ ಹೋಟೆಲೊಂದರ ಗಲ್ಲಾದಲ್ಲಿ ಕೂರುತ್ತಿದ್ದ. ಮಗಳು ಮಾನಸಿ ಕಾಲೇಜು ಹುಡುಗಿ. ತಾಯಿ ತುಳುವಿನಲ್ಲಿ ಕೇಳಿದ್ದಕ್ಕೆ ಹಿಂದಿಯಲ್ಲಿ ಉತ್ತರ ಕೊಡುವವಳು. ಹಿರಿಯಡ್ಕದ ಹತ್ತಿರದ ಶಾಲೆಯಲ್ಲಿ ಏಳನೆಯವರೆಗೆ ಕಲಿತಿದ್ದ ಅಕ್ಕುವಿನ ಕೈಬರಹ ದುಂಡಗಿತ್ತು. ಹಾಗಾಗಿ ಕನ್ನಡ ಸಂಘದ ರಾಜ್ಯೋತ್ಸವ ಬಂತೆಂದರೆ ಬಾಗಿಲ ಬಳಿಯ ಹಲಗೆಯ ಮೇಲೆ ಸ್ವಾಗತ ಬರೆಯುವ ಕೆಲಸ ಅವಳದ್ದು. ಓದು ಬರಹದ ಜೊತೆ ಅವಳಿಗಿದ್ದ ನಂಟು ಅಷ್ಟೇ.

2007ರ ಗಣೇಶ ಚೌತಿ ಮುಗಿದ ವಾರ ಸಂಘದ ಕಾರ್ಯದರ್ಶಿ ಗುಣಪಾಲ ಮನೆಗೆ ಬಂದರು. ಕೈಯಲ್ಲಿ ಸುತಲಿಯಿಂದ ಕಟ್ಟಿದ ಪುಸ್ತಕಗಳ ಕಟ್ಟು.

"ಅಕ್ಕು ಅಕ್ಕ, ಕಳವಾ ಸ್ಟೇಷನ್ನಿನ ಹತ್ತಿರ ನಾವು ಹೆಂಗಸರಿಗೆ ಓದು ಬರಹ ಶುರು ಮಾಡಿದ್ದು ನಿಮಗೆ ಗೊತ್ತುಂಟಲ್ಲ. ಎಲ್ಲ ಗುಲಬರ್ಗಾ, ವಿಜಾಪುರ ಕಡೆಯವರು. ಕಟ್ಟಡದ ಕೆಲಸ, ಮನೆಗೆಲಸ ಮಾಡುವವರು. ಬಿಎಡ್ ಆದ ಒಬ್ಬಳು ಹುಡುಗಿ ಕಲಿಸಲಿಕ್ಕೆ ಹೋಗ್ತಾ ಇದ್ದಳು. ಈಗ ಬರುವುದಿಲ್ಲ ಅಂತಾಳೆ. ಅವರು ಬಾಯಿಯೇ ಬಿಡುವುದಿಲ್ಲವಂತೆ."

"ನಾನು ಕಲಿತದ್ದೇ ಏಳನೆಯವರೆಗೆ, ಗುಣಪಾಲಣ್ಣ."

"ಅಷ್ಟು ಧಾರಾಳ ಸಾಕು. ಪುಸ್ತಕದಲ್ಲಿ ಎಲ್ಲ ಉಂಟು," ಎಂದು ಅವರು ಕಟ್ಟನ್ನು ಮೇಜಿನ ಮೇಲಿಟ್ಟು ಚಹಾ ಕುಡಿದು ಹೋದರು.

ಭಾನುವಾರ ಮಧ್ಯಾಹ್ನ ಅಕ್ಕು ಲೋಕಲ್ ರೈಲು ಹತ್ತಿ, ಖಾಡಿಯ ಉಪ್ಪುನೀರು ದಾಟಿ ಮುಂದಿನ ಸ್ಟೇಷನ್ನಿನಲ್ಲೇ ಇಳಿದಳು. ಕಳವಾದ ಪೂರ್ವಕ್ಕೆ, ಪಾರಸಿಕ್ ಗುಡ್ಡದ ಬುಡದಲ್ಲಿ, ಒಂದರ ಭುಜಕ್ಕೆ ಒಂದು ಒರಗಿ ನಿಂತ ಒಂಟಿ ಕೋಣೆಯ ಖೋಲಿಗಳ ನಡುವೆ ಒಂದು ಬಾಲವಾಡಿ ಇತ್ತು. ಭಾನುವಾರ ಅಲ್ಲಿ ಮಕ್ಕಳಿರುತ್ತಿರಲಿಲ್ಲವಾದ್ದರಿಂದ ಸಂಘಕ್ಕೆ ಆ ಕೋಣೆ ಸಿಕ್ಕಿತ್ತು. ಓಣಿಯ ತಿರುವಿನಲ್ಲೇ ಅಕ್ಕುವಿಗೆ ಹೆಂಗಸರ ದನಿ ಕೇಳಿಸಿತು. ನಳದ ಸರದಿಯ ಬಗ್ಗೆ ಯಾರೋ ಯಾರನ್ನೋ ತರಾಟೆಗೆ ತೆಗೆದುಕೊಂಡಿದ್ದರು. ಇನ್ನೊಬ್ಬಳು ಅದನ್ನೇ ಅಣಕಿಸಿ ಎಲ್ಲರನ್ನೂ ನಗಿಸುತ್ತಿದ್ದಳು. ಇಷ್ಟು ಮಾತಾಡುವವರು ಬಾಯಿ ಬಿಡುವುದಿಲ್ಲ ಎಂದರೇನು ಎಂದು ಅಕ್ಕುವಿಗೆ ಆಶ್ಚರ್ಯವಾಯಿತು.

ಅವಳು ಒಳಗೆ ಕಾಲಿಟ್ಟ ಕೂಡಲೇ ಸದ್ದು ನಿಂತಿತು. ಏಳೆಂಟು ಹೆಂಗಸರು ಸೆರಗು ತಲೆಗೆಳೆದುಕೊಂಡು, ಗೋಡೆಗೆ ಬರೆದ ಮರಾಠಿ ಅಕ್ಷರಗಳ ಕೆಳಗೆ ಸಾಲಾಗಿ ಕುಳಿತರು. ಅಕ್ಕು ಪುಸ್ತಕದ ಮೊದಲ ಪುಟ ಬಿಡಿಸಿ ಎತ್ತಿ ಹಿಡಿದಳು. ಅದರಲ್ಲಿ ಒಂದು ದನದ ಚಿತ್ರವಿತ್ತು.

"ಇದೇನು, ಹೇಳಿ."

ಯಾರೂ ಹೇಳಲಿಲ್ಲ. ಅಕ್ಕು ಪುಸ್ತಕವನ್ನು ಈ ಕಡೆ, ಆ ಕಡೆ ತಿರುಗಿಸಿ ಮತ್ತೆ ಕೇಳಿದಳು. ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಕೊನೆಗೆ ಎತ್ತರದ ನಿಲುವಿನ ಒಬ್ಬಳು, ನಿಜವಾದ ಕನಿಕರದಿಂದಲೇ ಕೇಳಿದಳು:

"ಯಾಕ್ರಿ ಅಕ್ಕೋರ, ನಿಮ್ಮ ಕಡೆ ಆಕಳ ಇರೂದಿಲ್ಲೇನ್ರಿ?"

ಅವಳು ಭೀಮಮ್ಮ, ಸಿಂದಗಿ ಕಡೆಯವಳು. ಘೋಡಬಂದರ್ ರೋಡಿನ ಕಟ್ಟಡಗಳಲ್ಲಿ ಇಟ್ಟಿಗೆ ಹೊರುತ್ತಿದ್ದಳು. ಶಾಲೆಯ ಟೀಚರಮ್ಮನಿಗೆ ಅವರ ಕಡೆ ಅಕ್ಕೋರು ಎನ್ನುತ್ತಾರೆಂದು ಅಕ್ಕುವಿಗೆ ಗೊತ್ತಿರಲಿಲ್ಲ. ಇವಳಿಗೆ ನನ್ನ ಹೆಸರು ಹೇಗೆ ಗೊತ್ತಾಯಿತು ಎಂದು ಒಂದು ಗಳಿಗೆ ಬೆರಗಾದಳು. ಆಮೇಲೆ ಪ್ರಶ್ನೆಯ ಅರ್ಥ ಆಯಿತು. ಆಕಳು ಗೊತ್ತಿಲ್ಲದೆ ಕೇಳುತ್ತಿದ್ದಾಳೆ ಎಂದು ಆ ಹೆಂಗಸು ತಿಳಿದಿದ್ದಳು. ಮಿಕ್ಕವರು, ಗೊತ್ತಿದ್ದೂ ಕೇಳುತ್ತಿದ್ದಾಳೆ, ನಮ್ಮನ್ನು ಏನೆಂದುಕೊಂಡಿದ್ದಾಳೆ ಎಂದು ಸುಮ್ಮನಿದ್ದರು.

ಸಂಜೆ ಹೋಟೆಲಿನಿಂದ ಬಂದ ವಸಂತಕುಮಾರನಿಗೆ ಅಕ್ಕು ಇದನ್ನೆಲ್ಲ ತುಳುವಿನಲ್ಲಿ ಹೇಳಿದಳು. ಅವನು ಅಂಗಿ ಕಳಚುತ್ತಾ ನಕ್ಕ.

"ಅವರು ಹೇಳಿದ್ದರಲ್ಲಿ ತಪ್ಪೆಂತ ಉಂಟು ಮಾರಾಯ್ತಿ? ನನ್ನ ಹೋಟೆಲಿಗೆ ದಿವಸಕ್ಕೆ ಎಷ್ಟು ಜನ ಬರುತ್ತಾರೆ! ಗೊತ್ತಿಲ್ಲದವ ಕೇಳುತ್ತಾನೆ, ಇವತ್ತು ಎಂತ ಉಂಟು ಅಂತ. ಗೊತ್ತಿದ್ದೂ ಕೇಳುವವ ಇನ್‌ಸ್ಪೆಕ್ಟರ್ ಒಬ್ಬನೇ. ಅವನು ಬಂದರೆ ನಾವೂ ಬಾಯಿ ಮುಚ್ಚಿಕೊಂಡೇ ನಿಲ್ಲುವುದು."

ಆ ಮಾತು ಅಕ್ಕುವಿನ ತಲೆಯಲ್ಲಿ ವಾರವಿಡೀ ಕೊರೆಯಿತು. ಶಾಲೆಯಲ್ಲಿ ಎಲ್ಲರೂ ಹೀಗೆಯೇ ಕೇಳುತ್ತಾರಲ್ಲ? ಹೌದು, ಶಾಲೆ ಬಿಟ್ಟರೆ ಬೇರೆಲ್ಲೂ ಹೀಗೆ ಕೇಳುವುದಿಲ್ಲವಲ್ಲ! ಇಷ್ಟು ವರ್ಷ ಬದುಕಿಯೂ ಇದು ತನಗೆ ಹೊಳೆದಿರಲಿಲ್ಲವೆಂಬುದೇ ಅವಳಿಗೆ ಹೊಸತೆನಿಸಿತು. ತಾನು ಒಂದನೆಯ ಕ್ಲಾಸಿಗೆ ಹೋದ ದಿನ ನೆನಪಾಯಿತು. ಮನೆಯಲ್ಲಿ ತುಳು ಬಿಟ್ಟರೆ ಬೇರೆ ಮಾತಿಲ್ಲ. ಮಾಸ್ತರರು ಬೆಕ್ಕಿನ ಚಿತ್ರ ತೋರಿಸಿ ಇದೇನೆಂದಾಗ ಅವಳು ಉಮೇದಿನಿಂದ "ಪುಚ್ಚೆ" ಎಂದಿದ್ದಳು. ತಪ್ಪು, ಬೆಕ್ಕು ಎಂದಿದ್ದರು ಮಾಸ್ತರರು. ಮನೆಗೆ ಬಂದು ಒಲೆಯ ಬಳಿ ಮಲಗಿದ್ದ ಪುಚ್ಚೆಯನ್ನು ಬಹಳ ಹೊತ್ತು ನೋಡಿದ್ದಳು. ಅದು ತಪ್ಪು ಹೇಗೆಂದು ತಿಳಿದಿರಲಿಲ್ಲ.

ಮುಂದಿನ ಭಾನುವಾರ ಅವಳು ಪುಸ್ತಕ ಬಿಡಿಸಲಿಲ್ಲ. ನಿಜವಾಗಿ ತನಗೆ ಗೊತ್ತಿಲ್ಲದ್ದನ್ನೇ ಕೇಳಿದಳು.

"ಜೋಳದ ರೊಟ್ಟಿ ನನಗೆ ತಟ್ಟಲಿಕ್ಕೆ ಬರುವುದಿಲ್ಲ. ಎತ್ತುವಾಗ ಹರಿಯುತ್ತದೆ. ನೀವು ಹೇಗೆ ಮಾಡುತ್ತೀರಿ?"

ಒಂದು ಕ್ಷಣ ಅವರು ಅವಳನ್ನು ಪರೀಕ್ಷಿಸಿ ನೋಡಿದರು. ಖರೇನೇ ಬರುವುದಿಲ್ಲ ಎಂದು ಖಾತ್ರಿಯಾದ ಮೇಲೆ ಎಂಟೂ ಬಾಯಿ ಒಟ್ಟಿಗೆ ತೆರೆದವು.

"ಎಸರ ಇಡ್ತೀರೋ ಇಲ್ಲೋ?"

"ತಣ್ಣೀರಾಗ ಕಲಸಿದ್ರ ಹರೀದೇನ್ ಮಾಡ್ತದ್ರಿ?"

"ಹಿಟ್ಟ ಹಳೇದಿರಬೇಕು. ಇಲ್ಲೀ ದುಕಾನದಾಗ ಹಳೇ ಹಿಟ್ಟೇ ಕೊಡ್ತಾರ, ನಾ ಹೇಳ್ತೀನಲ್ಲ."

ಕೊನೆಯ ಮಾತು ಚಂದ್ರಬಾಯಿಯದು. ಆಳಂದದ ಕಡೆಯ ಹಿರಿಯಳು, ನಾಲ್ಕು ಮನೆಗಳಲ್ಲಿ ಪಾತ್ರೆ ತಿಕ್ಕುತ್ತಿದ್ದಳು. ಮೊದಲ ದಿನ ಓಣಿಗೆ ಕೇಳುವಂತೆ ಅಣಕಿಸುತ್ತಿದ್ದವಳು ಅವಳೇ. ಅಕ್ಕುವಿಗೆ ಅರ್ಧ ಮಾತು ಅರ್ಥವಾಗಲಿಲ್ಲ. ಎಸರು ಎಂದರೇನು ಎಂದು ಕೇಳಿದಳು. ಕುದಿಯುವ ನೀರೆಂದು ಅವರು ನಕ್ಕು ಹೇಳಿದರು. ಅವಳು ಹಲಗೆಯ ಮೇಲೆ ದೊಡ್ಡದಾಗಿ ರೊಟ್ಟಿ ಎಂದು ಬರೆದಳು.

ಒತ್ತಕ್ಷರ ಮೊದಲೇ ಕಲಿಸಬಾರದೆಂದು ಪುಸ್ತಕದ ಮುನ್ನುಡಿಯಲ್ಲಿತ್ತು. ಹಿಂದಿನ ಹುಡುಗಿ ಬರೆಸಿದ್ದ ಬಿಡಿ ಅಕ್ಷರಗಳಷ್ಟು ಗೊತ್ತಿದ್ದ ಭೀಮಮ್ಮ ಹಲಗೆಯ ಹತ್ತಿರ ಬಂದು ಬಗ್ಗಿ ನೋಡಿದಳು. "ಇದು ಟ. ಇದರ ಬುಡಕ ಇನ್ನೊಂದು ಜೋತು ಬಿದ್ದದಲ್ಲ, ಅದು ಯಾರ್ರಿ?"

"ಅದೂ ಟ. ಎರಡು ಸಲ ಒತ್ತಿ ಹೇಳುವುದಕ್ಕೆ."

"ಹಂಗಾದ್ರ ಸೆರಗ ಹಿಡದ ಕೂಸ," ಎಂದಳು ಭೀಮಮ್ಮ. ಅಂದಿನಿಂದ ಆ ಕೋಣೆಯಲ್ಲಿ ಒತ್ತಕ್ಷರಕ್ಕೆ ಕೂಸು ಎಂಬ ಹೆಸರೇ ಆಯಿತು.

ದೀಪಾವಳಿ ಕಳೆದು ಅವರು ಪದಗಳನ್ನು ಕೂಡಿಸಿ ಓದುವ ಹಂತಕ್ಕೆ ಬಂದಾಗ ಅಕ್ಕು ಮತ್ತೆ ಪುಸ್ತಕ ತೆಗೆದಳು. ಅದರ ಮೊದಲ ವಾಕ್ಯ, ಅಜ್ಜಿ ಅಂಗಳದಲ್ಲಿ ಅವಲಕ್ಕಿ ಒಣಗಿಸಿದಳು, ಎಂದಿತ್ತು. ಎಲ್ಲರೂ ಬೆರಳಿಟ್ಟು ಕಷ್ಟಪಟ್ಟು ಓದಿ ಮುಗಿಸಿದರು. ಅಕ್ಕು ಮುಂದಿನ ಸಾಲಿಗೆ ಹೋಗಬೇಕೆನ್ನುವಷ್ಟರಲ್ಲಿ ಚಂದ್ರಬಾಯಿ ತಡೆದಳು.

"ತಡೀರಿ. ಯಾರ ಅಜ್ಜಿ ಇಕಿ?"

"ಯಾರದ್ದೂ ಅಲ್ಲ. ಪುಸ್ತಕದ ಅಜ್ಜಿ."

"ಊರು ಯಾವುದು?"

"ಊರು ಬರೆದಿಲ್ಲ."

"ಆಕೀಗಿ ಮಕ್ಕಳಿಲ್ಲೇನ್ರಿ? ಈ ವಯಸ್ಸಿನಾಗ ಬಿಸಲಾಗ ಯಾಕ ಕುಂತಾಳ? ಮತ್ತ ಅವಲಕ್ಕಿ ಯಾರ ಒಣಗಸ್ತಾರ್ರಿ? ಅದು ಒಣಗಿದ್ದೇ ಇರ್ತದಲ್ಲ!"

ಅಕ್ಕುವಿಗೆ ನಗು ಬಂತು. ಆ ಮುದುಕಿಗೆ ಹಪ್ಪಳವನ್ನೋ ಸಂಡಿಗೆಯನ್ನೋ ಕೊಡಬಹುದಿತ್ತು. ಅಕಾರ ಬೇಕೆಂದು ಪುಸ್ತಕ ಬರೆದವರು ಅವಲಕ್ಕಿ ಕೊಟ್ಟು ಬಿಸಿಲಿಗೆ ಕೂರಿಸಿದ್ದರು. ಇಷ್ಟು ಮಾತ್ರ ಅವಳಿಗೆ ಸ್ಪಷ್ಟವಾಯಿತು: ಈ ಹೆಂಗಸರಿಗೆ, ಯಾರು ಯಾರಿಗೆ ಯಾಕೆ ಹೇಳಿದರು ಎಂದು ಗೊತ್ತಿಲ್ಲದ ಮಾತು ಮಾತೇ ಅಲ್ಲ. ಆ ದಿನವೆಲ್ಲ ಅವರು ಅಜ್ಜಿಗೆ ಊರು ಕೊಟ್ಟರು, ಮೂವರು ಮಕ್ಕಳನ್ನು ಕೊಟ್ಟರು, ಹಿರಿಯ ಸೊಸೆಯ ಜೊತೆ ಜಗಳ ಹಚ್ಚಿದರು. ಅಕ್ಕು ಅವರು ಹೇಳಿದಂತೆ ಹಲಗೆಯ ಮೇಲೆ ಬರೆಯುತ್ತಾ ಹೋದಳು. ತಾವೇ ಆಡಿದ ಮಾತಾದ್ದರಿಂದ ಅವರು ಸರಾಗವಾಗಿ ಓದಿದರು.

ಸಂಕ್ರಾಂತಿಯ ಭಾನುವಾರ ಎಲ್ಲರೂ ಎಳ್ಳು ಬೆಲ್ಲ ಕಟ್ಟಿಕೊಂಡು ಬಂದಿದ್ದರು. ತಮ್ಮ ತಮ್ಮ ಹೆಸರು ಬರೆಯಲು ಅಷ್ಟು ಹೊತ್ತಿಗೆ ಎಲ್ಲರೂ ಕಲಿತಿದ್ದರು. ಇನ್ನು ಗಂಡನ ಹೆಸರು ಕಲಿಯೋಣ, ಒಬ್ಬೊಬ್ಬರಾಗಿ ಹೇಳಿ ಎಂದಳು ಅಕ್ಕು. ಕೋಣೆಯಲ್ಲಿ ಮೊದಲ ದಿನದ ಮೌನವೇ ಮರಳಿ ಬಂದಂತಾಯಿತು. ಆದರೆ ಈ ಸಲ ಸೆರಗಿನ ಮರೆಯಲ್ಲಿ ನಗುವಿತ್ತು.

"ಹಂಗ ಹೇಳೂದಿಲ್ರಿ," ಎಂದಳು ಸುಲೋಚನಾ. ಎಲ್ಲರಿಗಿಂತ ಚಿಕ್ಕವಳು, ಮದುವೆಯಾಗಿ ಕಳವಾಕ್ಕೆ ಬಂದು ಎರಡು ವರ್ಷವಾಗಿತ್ತಷ್ಟೇ. "ಒಡಪ ಹಾಕಿ ಹೇಳಬೇಕು."

"ಹಾಕು ಮತ್ತ, ಹಾಕು!" ಎಂದು ಉಳಿದವರು ಅವಳನ್ನು ತಿವಿದರು. ಸುಲೋಚನಾ ಎದ್ದು ನಿಂತು, ಕಣ್ಣು ಕೆಳಗಿಟ್ಟು, ಒಂದೇ ಉಸಿರಿನಲ್ಲಿ ಹೇಳಿದಳು:

"ಕಳವಾದ ಖಾಡಿ ಮ್ಯಾಲ ಓಡತಾವ ಗಾಡಿ,
ರೇವಣಸಿದ್ದರ ಹೆಸರ ಹೇಳ್ತೀನಿ ಹಣಿಗಿ ಕುಂಕುಮ ತೀಡಿ."

ಎಲ್ಲರೂ ಹೋ ಎಂದರು. ನೆರೆಯ ಮರಾಠಿ ಹೆಂಗಸರು ಅರಸಿನ ಕುಂಕುಮಕ್ಕೆ ಸೇರಿದಾಗ ಹೀಗೆ ಹೇಳುವುದನ್ನು ಅಕ್ಕು ಕೇಳಿದ್ದಳು. ಕನ್ನಡದಲ್ಲೂ ಇದೆಯೆಂದು ತಿಳಿದಿರಲಿಲ್ಲ. ಎರಡು ಸಾಲನ್ನೂ ಹಲಗೆಯ ಮೇಲೆ ಬರೆದಳು. ಸುಲೋಚನಾ ತನ್ನ ಬಾಯಿಯ ಮಾತು ಸೀಮೆಸುಣ್ಣದ ಅಕ್ಷರವಾಗಿ ನಿಂತದ್ದನ್ನು ಬೆರಳಿಟ್ಟು ಓದುತ್ತಿರುವಾಗಲೇ ಗುಣಪಾಲ ಬಾಗಿಲಲ್ಲಿ ಕಾಣಿಸಿಕೊಂಡರು. ತರಗತಿ ಹೇಗೆ ನಡೆದಿದೆಯೆಂದು ನೋಡಲು ಬಂದಿದ್ದರು. ಹಲಗೆ ನೋಡಿ ಅವರ ಮುಖ ಗಂಟಾಯಿತು. ಅಕ್ಕುವನ್ನು ಹೊರಗೆ ಕರೆದರು.

"ಇದೆಂತ ಅಕ್ಕು ಅಕ್ಕ? ಮ್ಯಾಲ ಅಂತ ಬರೆದಿದ್ದೀರಿ, ಹಣಿಗಿ ಅಂತ ಬರೆದಿದ್ದೀರಿ. ಮೇಲೆ, ಹಣೆಗೆ ಅಂತ ಅಲ್ಲವಾ? ಏಪ್ರಿಲಿನಲ್ಲಿ ಪರೀಕ್ಷೆ ಉಂಟು. ಅಲ್ಲಿ ಇದೆಲ್ಲ ತಪ್ಪು ಅಂತ ಹೊಡೆದು ಹಾಕ್ತಾರೆ. ನಾವು ಇವರಿಗೆ ಉಪಕಾರ ಮಾಡುತ್ತಾ ಇದ್ದೇವೋ ಅಪಕಾರವೋ?"

ಗುಣಪಾಲರ ಮಾತು ಸುಳ್ಳಾಗಿರಲಿಲ್ಲ. ಅಕ್ಕು ಒಳಗೆ ಬಂದು ಡಸ್ಟರ್ ಎತ್ತಿಕೊಂಡಳು. ಮ್ಯಾಲ ಎಂಬುದನ್ನು ಅಳಿಸಿ ಮೇಲೆ ಎಂದು ಬರೆಯಬೇಕೆಂದರೆ, ಸುಲೋಚನಾಳ ಮುಖದಲ್ಲಿ ಪುಚ್ಚೆಯನ್ನು ನೋಡುತ್ತಾ ಕುಳಿತ ಆ ಹುಡುಗಿ ಕಂಡಂತಾಯಿತು. ಡಸ್ಟರ್ ಕೆಳಗಿಟ್ಟು, ಒಡಪದ ಕೆಳಗೆ ಅದನ್ನೇ ಪುಸ್ತಕದ ಕನ್ನಡದಲ್ಲಿ ಮತ್ತೊಮ್ಮೆ ಬರೆದಳು.

"ನೋಡಿ. ಮೇಲಿನದು ನಿಮ್ಮ ಮಾತು. ಕೆಳಗಿನದು ಪುಸ್ತಕದ ಮಾತು. ಎಲ್ಲೆಲ್ಲಿ ಬೇರೆ ಉಂಟು, ನೀವೇ ಹುಡುಕಿ."

ಅವರಿಗೆ ಅದೊಂದು ಆಟವಾಯಿತು. ಒಬ್ಬೊಬ್ಬರಾಗಿ ಬಂದು ಸೀಮೆಸುಣ್ಣದಿಂದ ಗುರುತು ಹಾಕಿದರು.

"ಅಕ್ಕೋರ, ಈ ಪುಸ್ತಕದ ಊರು ಯಾವುದ್ರಿ?" ಎಂದಳು ಚಂದ್ರಬಾಯಿ. "ಹಿಂಗ ಮಾತಾಡೋ ಮಂದಿ ಎಲ್ಲಿರ್ತಾರ? ಬೆಂಗಳೂರಾಗ?"

"ಅಲ್ಲಿಯೂ ಮನೆಯಲ್ಲಿ ಯಾರೂ ಹೀಗೆ ಮಾತಾಡುವುದಿಲ್ಲ."

"ನಿಮ್ಮ ಮನ್ಯಾಗ?"

"ನಮ್ಮ ಮನೆಯಲ್ಲಿ ಕನ್ನಡವೇ ಇಲ್ಲ. ತುಳು."

ಹೆಂಗಸರು ಬೆರಗಾಗಿ ನೋಡಿದರು. ಯಾರ ಮನೆಯಲ್ಲೂ ಆಡದ ಮಾತನ್ನು ಎಲ್ಲರೂ ಬರೆಯುತ್ತಾರೆ ಎಂಬ ಸಂಗತಿ ಅವರಿಗೆ ವಿಚಿತ್ರವಾಗಿ ಕಂಡಿತು. ಅದನ್ನು ಹೇಳಿದ ಮೇಲೆ ಅಕ್ಕುವಿಗೂ ವಿಚಿತ್ರವಾಗಿಯೇ ಕಂಡಿತು. ಗುಣಪಾಲ ಸ್ವಲ್ಪ ಹೊತ್ತು ಹಿಂದೆ ನಿಂತು ನೋಡಿ, ಒಂದು ಎಳ್ಳುಂಡೆ ತಿಂದು ಹೋದರು.

ಭೀಮಮ್ಮನಿಗೆ ಒಡಪ ಬೇಡವಾಗಿತ್ತು. ಮುಂದಿನ ವಾರ ಅವಳು ತನ್ನ ಸ್ಲೇಟಿನ ಪಾಟಿ ಹಿಡಿದುಕೊಂಡು ಅಕ್ಕುವಿನ ಹತ್ತಿರ ಬಂದು ಕುಳಿತಳು.

"ಬಾಯಿಲೆ ಹೇಳಬಾರದು. ಕೈಲೆ ಬರದ್ರ?"

ಈ ಪ್ರಶ್ನೆ ಕೋಣೆಯನ್ನೇ ಎರಡು ಪಾಲು ಮಾಡಿತು. ಬರೆದರೆ ಕರೆದಂತೆಯೇ, ಓದುವವರ ಬಾಯಲ್ಲಿ ಅದು ಮಾತಾಗುತ್ತದಲ್ಲ ಎಂದಳು ಸುಲೋಚನಾ. ಹಾಗೇನಿಲ್ಲ, ಬಾಯಿ ಬೇರೆ, ಕೈ ಬೇರೆ ಎಂದಳು ಚಂದ್ರಬಾಯಿ. "ಕೈಮ್ಯಾಲ ಹಚ್ಚಿ ಹೊಯಿಸ್ಕೊಂಡು ಗಂಡನ ಹೆಸರ ಬರಸ್ಕೋತಾರಿಲ್ಲೇನು? ಅವರೇನು ಹೇಳಿದಂಗಾತೇನು?" ಒಂದು ತಾಸು ವಾದ ನಡೆಯಿತು. ಓದು ಬರಹ ಎಂದರೇನು ಎಂದು ತನಗಿಂತ ಇವರೇ ಹೆಚ್ಚು ವಿಚಾರ ಮಾಡುತ್ತಿದ್ದಾರಲ್ಲ ಎಂದುಕೊಂಡು ಅಕ್ಕು ಸುಮ್ಮನೆ ಕೇಳುತ್ತಿದ್ದಳು. ಆಗ ಸುಲೋಚನಾ ಅವಳತ್ತ ತಿರುಗಿದಳು.

"ಅಕ್ಕೋರ, ನಿಮ್ಮವರ ಹೆಸರ ಏನ್ರಿ?"

ಅಕ್ಕು ಬಾಯಿ ತೆರೆದಳು. ಬಂದದ್ದು, "ಮಾನಸಿಯ ಅಪ್ಪ" ಎಂಬ ಮಾತು.

"ಇವರೂ ನಮ್ಮಂಗೇ!" ಎಂದು ಚಂದ್ರಬಾಯಿ ನೆಲ ತಟ್ಟಿ ನಕ್ಕಳು. ನಾಚಿಕೊಂಡ ಅಕ್ಕು ಎದ್ದು ಹಲಗೆಯ ಮೇಲೆ ವಸಂತಕುಮಾರ ಎಂದು ಬರೆದಳು. ಹೆಂಗಸರು ಕೂಡಿಸಿಕೊಂಡು ಓದಿದರು. ಅಷ್ಟರಲ್ಲಿ ಭೀಮಮ್ಮ ತನ್ನ ಪಾಟಿಯ ಮೇಲೆ ಬಗ್ಗಿದ್ದಳು. ಬೇರೆ ಪದ ಬರೆಯುವಾಗ ಅಕ್ಷರ ಅಕ್ಷರವನ್ನೂ ಬಾಯಿಬಿಟ್ಟು ಹೇಳಿಕೊಂಡು ಬರೆಯುವವಳು, ಈಗ ತುಟಿ ಬಿಗಿದುಕೊಂಡಿದ್ದಳು. ಬಹಳ ಹೊತ್ತಾದ ಮೇಲೆ ಪಾಟಿ ಎತ್ತಿ ತೋರಿಸಿದಳು. ಸಿವರಾಯ ಎಂದಿತ್ತು.

ಮೊದಲಕ್ಷರ ತಿದ್ದಬೇಕೆಂದು ಅಕ್ಕುವಿಗೆ ಅನ್ನಿಸಿತು. ಆದರೆ ಭೀಮಮ್ಮನ ಮುಖ ನೋಡಿ, ಇವತ್ತು ಬೇಡ ಎಂದುಕೊಂಡಳು. ಆ ಹೊತ್ತಿಗೆ ಹೆಚ್ಚಿನವರು ಬರೆಯಲು ಕುಳಿತಿದ್ದರು.

ಫಜೀತಿ ಎದ್ದದ್ದು ಆಮೇಲೆ. ಒರೆಸಿ, ಮುಂದಿನ ಪಾಠ ಬರೆಯೋಣ ಎಂದಳು ಅಕ್ಕು. ಯಾರೂ ಒರೆಸಲಿಲ್ಲ. ಗಂಡನ ಹೆಸರನ್ನು ಕೈಯಾರೆ ಒರೆಸುವುದುಂಟೇ? ಸರಿ ಎಂದು ಹಲಗೆಯನ್ನಾದರೂ ಸ್ವಚ್ಛ ಮಾಡಲು ಅಕ್ಕು ಡಸ್ಟರ್ ಎತ್ತಿದಳು. ವಸಂತಕುಮಾರ ಎಂಬ ಅಕ್ಷರಗಳ ಮುಂದೆ ಅವಳ ಕೈಯೂ ನಿಂತುಬಿಟ್ಟಿತು. ಇದೆಂತ ಹುಚ್ಚು ಎಂದು ತನ್ನನ್ನೇ ಬೈದುಕೊಂಡಳು. ಆದರೂ ಕೈ ಮುಂದೆ ಹೋಗಲಿಲ್ಲ. ಹಾಗೆಯೇ ಬೀಗ ಹಾಕಿ ಬಂದಳು. ಸೋಮವಾರ ಬೆಳಿಗ್ಗೆ ಕನ್ನಡ ಬಾರದ ಬಾಲವಾಡಿಯ ಮರಾಠಿ ಟೀಚರ್ ಅದನ್ನು ಒರೆಸಿರಬೇಕು.

ಪಾಟಿಗಳು ಸೆರಗಿನಲ್ಲಿ ಸುತ್ತಿಕೊಂಡು ಮನೆಗಳಿಗೆ ಹೋದವು, ಮತ್ತೆ ಬರಲಿಲ್ಲ. ಆ ತರಗತಿ ಕಾಗದಕ್ಕೆ ಬಂದದ್ದು ಹಾಗೆ. ವಸಂತಕುಮಾರ ಹೋಟೆಲಿನ ಹಳೆಯ ಕ್ಯಾಲೆಂಡರುಗಳನ್ನು ಒಟ್ಟು ಮಾಡಿ ಕೊಟ್ಟ. ಅವುಗಳ ಬೆನ್ನ ಮೇಲೆ ಹೆಂಗಸರು ಬರೆದರು. ಯಾಕೆ ಬೇಕೆಂದು ಅಕ್ಕು ಹೇಳಿದಾಗ ಅವನು ಕೇಳಿದ, "ನನ್ನ ಹೆಸರು ಎಷ್ಟು ದೊಡ್ಡದಾಗಿ ಬರೆದಿದ್ದಿ?" ಅಕ್ಕು ಒಳಗೆ ಹೋಗಿಬಿಟ್ಟಳು.

ಎರಡು ವಾರದ ನಂತರ ತರಗತಿಯ ನಡುವೆ ಒಬ್ಬ ಗಂಡಸು ಬಾಗಿಲಲ್ಲಿ ಬಂದು ನಿಂತ. ಸಿಮೆಂಟಿನ ಧೂಳು ಹಿಡಿದ ಅಂಗಿ, ಬಗಲಲ್ಲಿ ಒಂದು ಪಾಟಿ. ಭೀಮಮ್ಮ ತಟ್ಟನೆ ಸೆರಗೆಳೆದುಕೊಂಡಳು. ಇವನೇ ಶಿವರಾಯ ಎಂದು ಅಕ್ಕುವಿಗೆ ತಿಳಿಯಿತು. ಜಗಳಕ್ಕೆ ಬಂದಿದ್ದಾನೆ ಎಂದುಕೊಂಡು ಬಾಗಿಲ ಬಳಿ ಹೋದಳು.

"ನಮಸ್ಕಾರ್ರಿ ಅಕ್ಕೋರ. ಇದು ದೇವರ ಮಾಡದಾಗ ಇತ್ತು. ನೀವು ಬರದಿದ್ದೋ, ಆಕಿ ಬರದಿದ್ದೋ?"

"ಅವಳೇ ಬರೆದದ್ದು."

"ನಾ ನಾಕನೇತ್ತಾ ತನಕ ಸಾಲಿ ಕಲತೀನ್ರಿ. ಇದರಾಗ ತಪ್ಪದ. ಶಿ ಬರೀಬೇಕು, ಸಿ ಬರದಾಳ. ಯಾರರ ನೋಡಿದ್ರ ನಗ್ತಾರ. ತಿದ್ದಿಸಿ ಕೊಡ್ರಿ."

ಅಕ್ಕು ಪಾಟಿಗೆ ಕೈ ಚಾಚಿದಳು. ಅದಕ್ಕೂ ಮೊದಲೇ ಭೀಮಮ್ಮ ಗೋಡೆಯ ಕಡೆ ಮುಖ ಮಾಡಿಕೊಂಡೇ ಹೇಳಿದಳು:

"ತಪ್ಪಿಲ್ಲ ಅದು. ನಾ ಆ ಹೆಸರ ಒಂದ ದಿನಾನೂ ಅಂದಾಕಿ ಅಲ್ಲ. ಕೇಳಿದಾಕಿ ಅಷ್ಟ. ನಿಮ್ಮವ್ವ ಹೊಲದ ಬದುವಿನ ಮ್ಯಾಲ ನಿಂತು ಹ್ಯಾಂಗ ಕರೀತಿದ್ದಳೋ ಹಂಗ ಬರದೀನಿ."

ಶಿವರಾಯ ಪಾಟಿಯನ್ನು ಬೆಳಕಿಗೆ ಹಿಡಿದು ಮತ್ತೊಮ್ಮೆ ನೋಡಿದ. ಅವನ ತುಟಿ ಅಲುಗಿತು, ಆ ಸಿಕಾರವನ್ನು ತನ್ನೊಳಗೇ ಒಮ್ಮೆ ಅಂದುಕೊಂಡನೇನೋ. ಅವನ ತಾಯಿ ತೀರಿ ಹೋಗಿ ಬಹಳ ದಿನವಾಗಿತ್ತೆಂದು ಅಕ್ಕುವಿಗೆ ಆಮೇಲೆ ಗೊತ್ತಾಯಿತು.

"ಇರ್ಲಿ ಬಿಡ್ರಿ ಅಕ್ಕೋರ," ಎಂದು ಅವನು ಪಾಟಿಯನ್ನು ಮತ್ತೆ ಬಗಲಿಗಿಟ್ಟುಕೊಂಡು ಹೋದ.

ಅದೇ ದಿನ ಚಂದ್ರಬಾಯಿ ತನ್ನ ಗಂಡನ ಹೆಸರು ಬರೆದಳು. ಅಲ್ಲಿಯವರೆಗೆ ಬರೆದಿರಲಿಲ್ಲ, ಯಾರೂ ಕೇಳಿರಲೂ ಇಲ್ಲ. ಅವಳ ಗಂಡ ಎಷ್ಟೋ ವರ್ಷದ ಹಿಂದೆ ಪನವೇಲಿನ ಕಡೆ ಕೆಲಸಕ್ಕೆಂದು ಹೋಗಿ, ಅಲ್ಲೇ ಇನ್ನೊಂದು ಮನೆ ಮಾಡಿಕೊಂಡಿದ್ದನೆಂದು ಓಣಿಗೆಲ್ಲ ಗೊತ್ತಿತ್ತು. ಕೋಣೆಯಲ್ಲಿ ಉಳಿದಿದ್ದ ಒಂದೇ ಪಾಟಿಯನ್ನು ಅವಳು ಕೇಳಿ ಪಡೆದಳು. ಹುಲಗಪ್ಪ ಎಂದು ಬರೆದಳು. ಪ ಕೆಳಗಿನ ಕೂಸನ್ನು ಬಹಳ ಎಚ್ಚರಿಕೆಯಿಂದ ಬರೆದು, ಸರಿಯಿದೆಯೇ ಎಂದು ಅಕ್ಕುವಿಗೆ ತೋರಿಸಿದಳು.

"ಸರಿ ಉಂಟು."

ಚಂದ್ರಬಾಯಿ ಅದನ್ನು ಒಂದು ಗಳಿಗೆ ನೋಡಿದಳು. ನಂತರ ಅಂಗೈಯನ್ನು ಪಾಟಿಯ ಮೇಲೆ ಚಪ್ಪಟೆಯಾಗಿಟ್ಟು, ಈ ತುದಿಯಿಂದ ಆ ತುದಿಗೆ ಎಳೆದಳು. ಸುಲೋಚನಾ ಹಾ ಎಂದಳು. ಚಂದ್ರಬಾಯಿಯ ಕೈಯೆಲ್ಲ ಬೆಳ್ಳಗಾಗಿತ್ತು.

"ಹಣಿ ಮ್ಯಾಲ ಕುಂಕುಮ ಅದ, ಅದು ಇರ್ತದ," ಎಂದಳು ಅವಳು. ಯಾರನ್ನೂ ನೋಡಿ ಹೇಳಿದ್ದಲ್ಲ. "ಇದು ಬರೀಲಿಕ್ಕೂ ಬರ್ತದ ಈಗ, ಒರಸ್ಲಿಕ್ಕೂ ಬರ್ತದ. ಮುಂದಿಂದು ಹೇಳ್ರಿ ಅಕ್ಕೋರ."

ಮುಂದಿನದು ಏನಿತ್ತೆಂದು ಅಕ್ಕುವಿಗೆ ಮರೆತೇ ಹೋಗಿತ್ತು. ಭೀಮಮ್ಮ ಎದ್ದು ಹೋಗಿ ಚಂದ್ರಬಾಯಿಯ ಪಕ್ಕದಲ್ಲಿ, ಮೊಣಕಾಲಿಗೆ ಮೊಣಕಾಲು ತಾಗುವಂತೆ ಕುಳಿತಳು.

ಪರೀಕ್ಷೆ ಹತ್ತಿರ ಬಂದಾಗ ಅಕ್ಕು ಅವರಿಗೆ ಇನ್ನೊಂದು ಸಂಗತಿ ಬಿಡಿಸಿ ಹೇಳಿದಳು. "ಅಲ್ಲಿ ಗೊತ್ತಿದ್ದೂ ಕೇಳುತ್ತಾರೆ. ನಿಮಗೆ ಗೊತ್ತುಂಟೋ ಇಲ್ಲವೋ ಎಂದು ನೋಡಲಿಕ್ಕೆ. ಅದು ಶಾಲೆಯ ಪದ್ಧತಿ. ಬೇಸರಿಸಬೇಡಿ, ಸುಮ್ಮನೆ ಹೇಳಿಬಿಡಿ."

"ಇದು ಆಟದ ನೇಮ ಅನ್ರಿ," ಎಂದಳು ಚಂದ್ರಬಾಯಿ. "ನೇಮ ಮೊದಲ ಹೇಳಿ ಆಟಕ್ಕ ಕರೀಬೇಕಲ್ರಿ. ಅದನ್ನ ಹೇಳದ, ಇವರಿಗಿ ಆಡ್ಲಿಕ್ಕೆ ಬರೂದಿಲ್ಲ ಅಂದ್ರ?"

ಭೀಮಮ್ಮ ಪಾಸಾದಳು, ಇನ್ನೂ ನಾಲ್ವರು ಪಾಸಾದರು. ಚಂದ್ರಬಾಯಿ ಪರೀಕ್ಷೆಗೇ ಹೋಗಲಿಲ್ಲ. ತನಗೆ ಬೇಕಾದದ್ದು ಸಿಕ್ಕಿದೆ ಎಂದಳು. ಸುಲೋಚನಾ ಫೇಲಾದಳು. ನಿಮ್ಮ ಊರಿನ ಬಗ್ಗೆ ಬರೆಯಿರಿ ಎಂಬ ಪ್ರಶ್ನೆಗೆ ಅವಳು, ನಮ್ಮೂರಾಗ ಒಂದ ಹಳ್ಳ ಅದ, ಅದು ಬ್ಯಾಸಗಿಯಾಗ ಮಲಗ್ತದ, ಮಳಿಗಾಲದಾಗ ಎದ್ದ ಕೂಡ್ತದ ಎಂದು ಬರೆದಿದ್ದಳು. ಪ್ರತಿ ಪದದ ಕೆಳಗೂ ಕೆಂಪು ಗೆರೆ ಬಿದ್ದಿತ್ತು. ಅಕ್ಕು ಗುಣಪಾಲರನ್ನು ಕರೆದುಕೊಂಡು ಹೋಗಿ ಪರೀಕ್ಷಕರನ್ನು ಕೇಳಿದಳು. ಅವರು ಸಜ್ಜನರೇ, ಓದಲು ಚೆನ್ನಾಗಿದೆ, ಆದರೆ ನಿಯಮ ಹೀಗಿದೆ ಎಂದರು. ವಾಪಸು ಬರುವಾಗ ರೈಲಿನಲ್ಲಿ ಗುಣಪಾಲ ತಮ್ಮಷ್ಟಕ್ಕೆ, "ಎದ್ದು ಕೂತುಕೊಳ್ಳುತ್ತದೆ ಅಂತ ಬರೆದಳಲ್ಲ ಹಳ್ಳದ ಬಗ್ಗೆ," ಎಂದು ಎರಡು ಸಲ ಹೇಳಿಕೊಂಡರು. ಮರುವರ್ಷ ಸುಲೋಚನಾ ಅದೇ ಹಳ್ಳವನ್ನು ಪುಸ್ತಕದ ಮಾತಿನಲ್ಲಿ ಬರೆದು ಪಾಸಾದಳು. ಮೊದಲು ಬರೆದದ್ದೇ ಚೆನ್ನಾಗಿತ್ತೆಂದು ಅಕ್ಕುವಿಗೆ ಈಗಲೂ ಅನ್ನಿಸುತ್ತದೆ.

ತರಗತಿ ಮುಂದೆಯೂ ನಡೆಯಿತು. ಹೊಸಬರು ಬಂದರು, ಕೆಲವರು ಮುಂಬ್ರಾಕ್ಕೋ ಐರೋಲಿಗೋ ಖೋಲಿ ಬದಲಿಸಿ ಹೋದರು. 2010ರ ಮೇ ತಿಂಗಳ ಒಂದು ಬೆಳಿಗ್ಗೆ ಅಕ್ಕು ದೋಸೆ ಹುಯ್ಯುತ್ತಿದ್ದಾಗ ಮೊಬೈಲು ಬಡಿದುಕೊಂಡಿತು. ಹಿಂದೆ ಬಸ್ಸುಗಳ ಗದ್ದಲ, ಮುಂದೆ ಭೀಮಮ್ಮನ ದೊಡ್ಡ ದನಿ.

"ಅಕ್ಕೋರ, ಇಜಾಪುರ ಸ್ಟ್ಯಾಂಡಿನಾಗ ಅದೀನಿ. ಬೋರ್ಡ ಓದ್ಲಿಕತ್ತೀನಿ, ಕೇಳ್ರಿ. ಇಂಡಿ. ಮುದ್ದೇಬಿಹಾಳ. ಮಹಿಳೆಯರಿಗೆ. ಕುಡಿಯುವ ನೀರು." ಒಂದಾದ ಮೇಲೆ ಒಂದು ಓದುತ್ತಾ ಹೋದಳು. ದೋಸೆ ಕರಕಲಾಗುತ್ತಿತ್ತು, ಅಕ್ಕು ಒಲೆ ಆರಿಸಿದಳು. "ಇಲ್ಲೊಂದು ಖಿಡಕಿ ಅದ. ಅದರ ಮ್ಯಾಲ ವಿಚಾರಣೆ ಅಂತ ಬರದಾರ. ಪೊಲೀಸರು ಮಾಡ್ತಾರಲ್ರಿ, ಅದೇನು? ಬಸ್ ಸ್ಟ್ಯಾಂಡಿನಾಗ ಯಾಕ ಮಾಡ್ತಾರ?"

"ಅದಲ್ಲ ಭೀಮಮ್ಮ. ಬಸ್ಸಿನ ಬಗ್ಗೆ ಏನಾದರೂ ಬೇಕಿದ್ದರೆ ಅಲ್ಲಿ ವಿಚಾರಿಸಬಹುದು."

"ಹೌದಾ? ನಿಲ್ರಿ, ಫೋನ್ ಇಡಬ್ಯಾಡ್ರಿ."

ಫೋನಿನೊಳಗಿಂದ ಅಕ್ಕು ಕೇಳಿಸಿಕೊಂಡಳು. ಭೀಮಮ್ಮ ಸಿಂದಗಿ ಬಸ್ಸು ಎಷ್ಟಕ್ಕೆ ಎಂದಳು. ಬೋರ್ಡ್ ನೋಡು ಎಂದು ಕಿಟಕಿಯೊಳಗಿನವನು ಗದರಿದ.

"ನೋಡೇ ಬಂದೀನಿ," ಎಂದಳು ಭೀಮಮ್ಮ. "ನಿನ್ನ ತಲಿ ಮ್ಯಾಲ ವಿಚಾರಣೆ ಅಂತ ಬರದಾರ, ಓದಿಯೇನು? ಹೇಳು ಈಗ."

ಆ ಮನುಷ್ಯ ಸಣ್ಣ ದನಿಯಲ್ಲಿ ಬಸ್ಸಿನ ಹೊತ್ತು ಹೇಳಿದ.